ಒಣಗಿಡದ ಹಾಳೆಯ ಹಿಂಬದಿ: ಸಸ್ಯಸಂಗ್ರಹ, ವರ್ಗೀಕರಣ ಮತ್ತು ಅಳುಕಿನ ಚರಿತ್ರೆ

ಒಂದು ಗಿಡವನ್ನು ಬೇರು, ಎಲೆ, ಹೂ, ಕಾಯಿಗಳೊಡನೆ ಕಿತ್ತು, ಕಾಗದಗಳ ನಡುವೆ ಒತ್ತಿ ಒಣಗಿಸಿ, ದಪ್ಪ ಹಾಳೆಗೆ ಅಂಟಿಸಿ, ಅದರ ಮೂಲೆಯಲ್ಲಿ ಒಂದು ಚೀಟಿ ಹಚ್ಚಿದರೆ ಅದು ಸಸ್ಯವಿಜ್ಞಾನದ ದಾಖಲೆಯಾಗುತ್ತದೆ. ಚೀಟಿಯಲ್ಲಿ ಲ್ಯಾಟಿನ್ ಹೆಸರು, ಸಿಕ್ಕಿದ ಸ್ಥಳ, ದಿನಾಂಕ, ಸಂಗ್ರಹಕಾರನ ಹೆಸರು ಮತ್ತು ಸಂಖ್ಯೆ ಇರುತ್ತವೆ. ಇಂತಹ ಹಾಳೆಗಳನ್ನು ಕುಲ, ಪ್ರಭೇದಗಳ ಕ್ರಮದಲ್ಲಿ ಜೋಡಿಸಿಟ್ಟ ಭಂಡಾರಕ್ಕೆ ಹರ್ಬೇರಿಯಂ ಎಂದು ಹೆಸರು.

ಕೆಲವು ವರ್ಷಗಳ ಹಿಂದೆ ಹೊರನಾಡಿನ ಇಂತಹ ಒಂದು ಭಂಡಾರವನ್ನು ನೋಡುವ ಅವಕಾಶ ನಮಗೆ ಒದಗಿತ್ತು. ನಾವು ಸಸ್ಯವಿಜ್ಞಾನಿಗಳಲ್ಲ. ನಡುಗಾಲದ ಕನ್ನಡ ವೈದ್ಯಗ್ರಂಥವೊಂದರಲ್ಲಿ ಬರುವ ಗಿಡದ ಹೆಸರೊಂದನ್ನು ಖಚಿತಪಡಿಸಿಕೊಳ್ಳುವುದಕ್ಕಾಗಿ ಅಲ್ಲಿಗೆ ಹೋಗಿದ್ದೆವು. ನಮ್ಮ ಮುಂದೆ ಇಟ್ಟ ಹಾಳೆಯ ಚೀಟಿಯಲ್ಲಿ ಉತ್ತರ ಕೆನರಾ ಎಂದು ಇಂಗ್ಲಿಷಿನಲ್ಲಿ ಬರೆದಿತ್ತು. ನಮ್ಮ ನಾಡಿನ ಗಿಡ ಇಷ್ಟು ಜೋಪಾನವಾಗಿ ಉಳಿದಿದೆಯಲ್ಲ ಎಂದು ಮೊದಲು ಅಭಿಮಾನವೆನಿಸಿತು. ಮರುಕ್ಷಣ ಒಂದು ಅಳುಕು ಮೂಡಿತು. ಆ ಗಿಡವನ್ನು ತೋರಿಸಿಕೊಟ್ಟವರು ಯಾರು, ಕಿತ್ತ ಕೈ ಯಾರದು, ಆ ಊರಿನವರು ಅದನ್ನು ಏನೆಂದು ಕರೆಯುತ್ತಿದ್ದರು ಎಂಬ ಮೂರು ಪ್ರಶ್ನೆಗಳಿಗೂ ಹಾಳೆಯಲ್ಲಿ ಉತ್ತರವಿರಲಿಲ್ಲ.

ಪ್ರಸ್ತುತ ಲೇಖನ ಆ ಅಳುಕಿನ ಚರಿತ್ರೆಯನ್ನು ಹುಡುಕುವ ಒಂದು ಪ್ರಯತ್ನ. ವಸಾಹತುಶಾಹಿಯ ವಿಮರ್ಶೆ ಬಲವಾದ ಮೇಲೆ ಇಂತಹ ಅಳುಕನ್ನು ಕೇವಲ ಆಧುನಿಕ ರಾಜಕೀಯ ಪ್ರಜ್ಞೆಯ ಫಲವೆಂದು ತಿಳಿಯುವುದು ರೂಢಿಯಾಗಿದೆ. ನಮ್ಮ ಅಭಿಪ್ರಾಯದಲ್ಲಿ ಅದು ಅದಕ್ಕಿಂತ ಬಹಳ ಹಳೆಯದು. ಗಿಡವನ್ನು ಕೀಳುವುದು, ಒಯ್ಯುವುದು, ಅದಕ್ಕೆ ಹೆಸರಿಡುವುದು ಎಂಬ ಮೂರು ಕ್ರಿಯೆಗಳಲ್ಲೂ ಅಳುಕು ಮೊದಲಿನಿಂದ ಇದೆ. ನಮ್ಮ ಪ್ರಾಚೀನರಲ್ಲಿ ಕೆಲವರು ಅದನ್ನು ತಮ್ಮ ವರ್ಗೀಕರಣದ ಒಳಗೇ ಸೇರಿಸಿಕೊಂಡರು. ಹರ್ಬೇರಿಯಂ ಅದನ್ನು ಹಾಳೆಯಿಂದ ಹೊರಗಿಟ್ಟಿತು. ಈ ವ್ಯತ್ಯಾಸವೇ ನಮ್ಮ ವಿಚಾರದ ಕೇಂದ್ರ.

೧. ಕೀಳುವುದು

ಗಿಡ ಕೀಳುವವನ ಅಳುಕಿಗೆ ನಮ್ಮಲ್ಲಿ ಬಹು ಪ್ರಾಚೀನವಾದ ಸಾಕ್ಷ್ಯಗಳಿವೆ. ಋಗ್ವೇದದ ಹತ್ತನೆಯ ಮಂಡಲದ ಓಷಧಿಸೂಕ್ತದಲ್ಲಿ ಬೇರು ಅಗೆಯುವವನಿಗೂ ಯಾರಿಗಾಗಿ ಅಗೆಯಲಾಗುತ್ತಿದೆಯೋ ಆ ರೋಗಿಗೂ ಕೇಡಾಗದಿರಲೆಂಬ ಪ್ರಾರ್ಥನೆಯಿದೆ. ಚರಕಸಂಹಿತೆಯ ಕಲ್ಪಸ್ಥಾನವು ಔಷಧಿಯನ್ನು ಸಂಗ್ರಹಿಸುವವನು ಶುಚಿಯಾಗಿ, ಬಿಳಿಯ ಬಟ್ಟೆಯುಟ್ಟು, ಉಪವಾಸವಿದ್ದು, ದೇವತೆಗಳನ್ನು ಪೂಜಿಸಿ, ಪೂರ್ವಕ್ಕೋ ಉತ್ತರಕ್ಕೋ ಮುಖಮಾಡಿ ಕೀಳಬೇಕೆಂದು ವಿಧಿಸುತ್ತದೆ. ಸಂಜೆಯಾದ ಮೇಲೆ ಗಿಡ ಮುಟ್ಟಬಾರದು, ಅದು ಮಲಗಿರುತ್ತದೆ ಎಂದು ನಮ್ಮ ಹಳ್ಳಿಗಳ ಅಜ್ಜಿಯರು ಹೇಳುವ ಮಾತೂ ಇದೇ ಪರಂಪರೆಗೆ ಸೇರಿದ್ದು. ಇವುಗಳನ್ನು ಮೂಢನಂಬಿಕೆಯೆಂದು ತಳ್ಳಿಹಾಕುವ ಮೊದಲು ಒಂದು ಅಂಶವನ್ನು ಗಮನಿಸಬೇಕು. ಇಲ್ಲಿ ಕೀಳುವ ಕ್ರಿಯೆಗೆ ಒಬ್ಬ ಕರ್ತೃವಿದ್ದಾನೆ, ಅವನಿಗೆ ಒಂದು ಹೊಣೆಯಿದೆ.

ಈ ಹೊಣೆಯನ್ನು ಒಂದು ಪೂರ್ಣ ವರ್ಗೀಕರಣವಾಗಿ ಬೆಳೆಸಿದವರು ಜೈನರು. ಜೀವಿಗಳನ್ನು ಅವರು ಇಂದ್ರಿಯಗಳ ಸಂಖ್ಯೆಯಿಂದ ವಿಂಗಡಿಸಿದರು. ಮನುಷ್ಯನೂ ಪಶುಗಳೂ ಪಂಚೇಂದ್ರಿಯ ಜೀವಿಗಳು. ಸಸ್ಯವು ಸ್ಪರ್ಶವೊಂದನ್ನೇ ಉಳ್ಳ ಏಕೇಂದ್ರಿಯ ಜೀವಿ. ಸಸ್ಯಗಳಲ್ಲಿಯೂ ಒಂದು ದೇಹಕ್ಕೆ ಒಂದೇ ಜೀವವುಳ್ಳ ಪ್ರತ್ಯೇಕ ವನಸ್ಪತಿ, ಒಂದೇ ದೇಹದಲ್ಲಿ ಅನಂತ ಜೀವಗಳುಳ್ಳ ಸಾಧಾರಣ ವನಸ್ಪತಿ ಎಂದು ಭೇದ ಮಾಡಿದರು. ಗೆಡ್ಡೆಗೆಣಸುಗಳನ್ನು ವರ್ಜಿಸುವ ಆಚಾರ ಈ ಭೇದದಿಂದ ಬಂದದ್ದು. ಈ ವರ್ಗೀಕರಣದ ಪ್ರಯೋಜನವೇನು? ಮುಟ್ಟುವಾಗ, ಕೀಳುವಾಗ, ತಿನ್ನುವಾಗ ಎಷ್ಟು ಹಿಂಸೆಯಾಗುತ್ತದೆ ಎಂಬ ಲೆಕ್ಕವಿಡುವುದೇ ಅದರ ಪ್ರಯೋಜನ. ಅಂದರೆ ಇಲ್ಲಿ ಅಳುಕಿನಿಂದಲೇ ವರ್ಗೀಕರಣ ಹುಟ್ಟಿದೆ.

ಕನ್ನಡ ನಾಡಿನ ವೈದ್ಯಸಾಹಿತ್ಯದ ಹಿನ್ನೆಲೆಯಲ್ಲಿ ಈ ದೃಷ್ಟಿ ಗಾಢವಾಗಿದೆ. ಒಂಬತ್ತನೆಯ ಶತಮಾನದಲ್ಲಿ ಉಗ್ರಾದಿತ್ಯನು ಸಂಸ್ಕೃತದಲ್ಲಿ ರಚಿಸಿದ 'ಕಲ್ಯಾಣಕಾರಕ'ವು ಮದ್ಯ, ಮಾಂಸ, ಮಧುಗಳನ್ನು ಚಿಕಿತ್ಸೆಯಿಂದ ಕೈಬಿಟ್ಟಿತು. ಹಾಗೆ ಕೈಬಿಟ್ಟಾಗ ಚಿಕಿತ್ಸೆಯ ಭಾರ ಹೆಚ್ಚಾಗಿ ಸಸ್ಯಗಳ ಮೇಲೆ ಬಿತ್ತು. ಹದಿನಾಲ್ಕನೆಯ ಶತಮಾನದ ಒಂದನೆಯ ಮಂಗರಾಜನ 'ಖಗೇಂದ್ರಮಣಿದರ್ಪಣ' ವಿಷವೈದ್ಯದ ಗ್ರಂಥ. ಸ್ಥಾವರ ವಿಷ, ಜಂಗಮ ವಿಷ ಎಂಬ ವಿಂಗಡಣೆಯಲ್ಲಿ ನಡೆಯುವ ಈ ಕೃತಿಯಲ್ಲಿ ಗಿಡವೊಂದು ತನ್ನ ಹೂವಿನ ಆಕಾರದಿಂದ ಸ್ಥಾನ ಪಡೆಯುವುದಿಲ್ಲ. ಯಾವ ವಿಷಕ್ಕೆ ಅದು ಮದ್ದು, ಅಥವಾ ಅದೇ ಯಾವ ವಿಷ ಎಂಬುದರಿಂದ ಪಡೆಯುತ್ತದೆ. ಹನ್ನೊಂದನೆಯ ಶತಮಾನದ ಎರಡನೆಯ ಚಾವುಂಡರಾಯನ 'ಲೋಕೋಪಕಾರ'ದಲ್ಲಿ ವೃಕ್ಷಾಯುರ್ವೇದಕ್ಕೆ ಸ್ಥಾನವಿದೆ. ಅಲ್ಲಿ ಮರಕ್ಕೇ ರೋಗ ಬರುತ್ತದೆ, ಮರಕ್ಕೇ ಚಿಕಿತ್ಸೆ ನಡೆಯುತ್ತದೆ. ಮೂರು ಕೃತಿಗಳಲ್ಲೂ ಸಸ್ಯವು ಮನುಷ್ಯನ ಸಂಬಂಧದಿಂದ ಬೇರ್ಪಟ್ಟು ನಿಲ್ಲುವುದಿಲ್ಲ.

ಹಾಗೆಂದು ಪ್ರಾಚೀನವನ್ನೆಲ್ಲ ಆದರ್ಶವೆಂದು ನಾವು ಹೇಳುತ್ತಿಲ್ಲ. ಕಾಡು ಕಡಿದು ಊರು ಕಟ್ಟಿದವರನ್ನು ನಮ್ಮ ಶಾಸನಗಳು ಹೊಗಳುತ್ತವೆ. ಔಷಧಿಯ ಗುಟ್ಟನ್ನು ಮನೆತನದ ಒಳಗೇ ಬಚ್ಚಿಟ್ಟುಕೊಂಡು, ಹೇಳದೆಯೇ ಸತ್ತ ವೈದ್ಯರ ಕಥೆಗಳು ಪ್ರತಿ ಸೀಮೆಯಲ್ಲೂ ಇವೆ. ಜಾತಿಯ ಗೋಡೆಗಳು ಅರಿವಿನ ಸುತ್ತಲೂ ಇದ್ದವು. ಬಚ್ಚಿಟ್ಟ ಅರಿವು ಕಳೆದುಹೋಗುತ್ತದೆ. ಹರ್ಬೇರಿಯಮ್ಮಿನ ಹಾಳೆಯಾದರೋ ಅಧಿಕಾರವಿದ್ದ ಯಾರಿಗಾದರೂ ತೆರೆದಿಟ್ಟ ದಾಖಲೆ. ಈ ನ್ಯಾಯವನ್ನು ಅದಕ್ಕೆ ಸಲ್ಲಿಸಿಯೇ ಮುಂದುವರಿಯಬೇಕು.

೨. ಒಯ್ಯುವುದು

ಗಿಡವನ್ನು ಒತ್ತಿ ಒಣಗಿಸಿ ಕಾಗದಕ್ಕೆ ಅಂಟಿಸುವ ಪದ್ಧತಿಯ ಆರಂಭವನ್ನು ಇಟಲಿಯ ಲೂಕಾ ಗೀನಿ (೧೪೯೦–೧೫೫೬) ಎಂಬ ಅಧ್ಯಾಪಕನೊಡನೆ ಜೋಡಿಸುವುದು ವಾಡಿಕೆ. ಅಂತಹ ಸಂಗ್ರಹಕ್ಕೆ ಲ್ಯಾಟಿನ್ನಿನಲ್ಲಿ 'ಒಣ ತೋಟ' ಎಂಬ ಅರ್ಥದ ಹೆಸರಿತ್ತು. ಈ ಉಪಾಯ ಸರಳವಾದರೂ ಅದರ ಪರಿಣಾಮ ದೊಡ್ಡದು. ಹೂ ಬಿಡುವ ಋತುವಿಗಾಗಿ ಕಾಯಬೇಕಾಗಿದ್ದ ವಿದ್ಯಾರ್ಥಿ ಈಗ ಚಳಿಗಾಲದಲ್ಲೂ ಹೂವನ್ನು ನೋಡಬಹುದಾಯಿತು. ಗಿಡವು ಋತುವಿನಿಂದ ಬಿಡಿಸಿಕೊಂಡಿತು. ಮುಂದೆ ನೆಲದಿಂದಲೂ ಬಿಡಿಸಿಕೊಂಡಿತು. ಸಾವಿರಾರು ಮೈಲಿಗಳಾಚೆಯ ಕಾಡು ಒಂದು ಕಪಾಟಿನಲ್ಲಿ ಹಿಡಿಯತೊಡಗಿತು.

ಕನ್ನಡ ನಾಡಿಗೆ ಈ ಕಪಾಟಿನ ನೆರಳು ದಟ್ಟವಾಗಿ ಬಿದ್ದದ್ದು ೧೭೯೯ರ ಮೇ ೪ರಂದು ಶ್ರೀರಂಗಪಟ್ಟಣ ಪತನವಾದ ಮೇಲೆ. ಗೆದ್ದ ನಾಡಿನಲ್ಲಿ ಏನಿದೆ ಎಂದು ತಿಳಿಯುವ ಆತುರ ಗವರ್ನರ್ ಜನರಲ್ ವೆಲ್ಲೆಸ್ಲಿಗೆ ಇತ್ತು. ಅವನ ಆದೇಶದಂತೆ ಫ್ರಾನ್ಸಿಸ್ ಬುಕಾನನ್ ಎಂಬ ಸ್ಕಾಟ್ಲೆಂಡಿನ ವೈದ್ಯ ೧೮೦೦ರ ಏಪ್ರಿಲ್‌ನಲ್ಲಿ ಮದರಾಸಿನಿಂದ ಹೊರಟು, ಮೈಸೂರು, ಕೆನರಾ, ಮಲಬಾರುಗಳನ್ನು ಸುತ್ತಿ ೧೮೦೧ರ ಜುಲೈಯಲ್ಲಿ ಪ್ರವಾಸ ಮುಗಿಸಿದ. ಅವನ ಪ್ರವಾಸಕಥನ ೧೮೦೭ರಲ್ಲಿ ಲಂಡನ್ನಿನಲ್ಲಿ ಮೂರು ಸಂಪುಟಗಳಾಗಿ ಅಚ್ಚಾಯಿತು. ಕರ್ನಾಟಕದ ಆರ್ಥಿಕ ಚರಿತ್ರೆ ಬರೆಯುವವರಾರೂ ಅದನ್ನು ಬಿಡುವಂತಿಲ್ಲ. ರಾಗಿಯ ಬೇಸಾಯದಿಂದ ಹಿಡಿದು ಕಾಡುಮರಗಳವರೆಗೆ ಅವನು ಕೇಳಿ ಬರೆದುಕೊಂಡ. ಮರಗಳ ಪಟ್ಟಿಗಳಲ್ಲಿ ಕನ್ನಡ ಹೆಸರುಗಳನ್ನು ತನ್ನ ಕಿವಿಗೆ ಕೇಳಿಸಿದಂತೆ ರೋಮನ್ ಲಿಪಿಯಲ್ಲಿ ಕೊಟ್ಟ. ಉತ್ತರ ಕೊಟ್ಟ ರೈತರ, ಮರ ಕಡಿಯುವವರ ಹೆಸರುಗಳು ಮಾತ್ರ ಆ ಪಟ್ಟಿಗಳಲ್ಲಿಲ್ಲ.

ಅದೇ ಕಾಲದಲ್ಲಿ ಬೆಂಜಮಿನ್ ಹೈನೆ ಎಂಬ ಜರ್ಮನ್ ಸಸ್ಯಶಾಸ್ತ್ರಜ್ಞ ಮೈಸೂರು ಸೀಮೆಯಲ್ಲಿ ಗಿಡಗಳನ್ನು ಸಂಗ್ರಹಿಸುತ್ತಿದ್ದ. ಹೈದರಾಲಿ, ಟಿಪ್ಪುಗಳ ಲಾಲ್‌ಬಾಗ್ ಅವನ ಮೇಲ್ವಿಚಾರಣೆಗೆ ಬಂದಿತ್ತು. ಅದೇ ಕಾಲದಲ್ಲಿ ಕರ್ನಲ್ ಕಾಲಿನ್ ಮೆಕೆಂಜಿ ಮೈಸೂರಿನ ಸರ್ವೇಕ್ಷಣೆಯನ್ನು ಆರಂಭಿಸಿ, ಕಾವಲಿ ಬೊರಯ್ಯ, ಲಕ್ಷ್ಮಯ್ಯ ಮೊದಲಾದ ಸಹಾಯಕರ ನೆರವಿನಿಂದ ಓಲೆಗರಿಗಳನ್ನೂ ಶಾಸನಪ್ರತಿಗಳನ್ನೂ ಕೈಫಿಯತ್ತುಗಳನ್ನೂ ಕೂಡಿಹಾಕುತ್ತಿದ್ದ. ಈ ಏಕಕಾಲಿಕತೆಯನ್ನು ನಾವು ಕನ್ನಡದವರು ಸಾಕಷ್ಟು ಗಮನಿಸಿಲ್ಲ. ಒಂದೇ ಸೀಮೆಯಿಂದ, ಒಂದೇ ದಶಕದಲ್ಲಿ, ಒಂದೇ ಅಧಿಕಾರದ ಅಡಿಯಲ್ಲಿ, ಒಂದು ಗಂಟಿನಲ್ಲಿ ಗಿಡಗಳೂ ಇನ್ನೊಂದು ಗಂಟಿನಲ್ಲಿ ಗ್ರಂಥಗಳೂ ಹೊರಟವು. ಗ್ರಂಥಗಳಲ್ಲಿ ಹಲವು ಮದರಾಸಿಗೆ ಮರಳಿದವು. ಆ ಭಂಡಾರದ ಬಲದ ಮೇಲೆಯೇ ಮುಂದೆ ಎಂ. ಎಂ. ಕಲಬುರ್ಗಿಯವರು 'ಕರ್ನಾಟಕದ ಕೈಫಿಯತ್ತುಗಳು' ಸಂಪಾದಿಸಿದರು. ಅದನ್ನು ಹಂಪಿಯ ಕನ್ನಡ ವಿಶ್ವವಿದ್ಯಾಲಯ ಪ್ರಕಟಿಸಿತು. ಗಿಡಗಳಲ್ಲಿ ಹಲವು ಬೇರೆ ದಾರಿ ಹಿಡಿದವು. ಕಲ್ಕತ್ತೆಯ ಸಸ್ಯೋದ್ಯಾನದ ನಥಾನಿಯಲ್ ವಾಲಿಚ್ ೧೮೨೮ರಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಸಂಗ್ರಹವನ್ನು ಲಂಡನ್ನಿಗೆ ಒಯ್ದು, ಸಂಖ್ಯೆ ಹಾಕಿ, ನಕಲು ಹಾಳೆಗಳನ್ನು ಯೂರೋಪಿನ ಭಂಡಾರಗಳಿಗೆ ಹಂಚಿದ. ಹೈನೆ, ಬುಕಾನನ್ನರ ಸಂಗ್ರಹದ ಹಾಳೆಗಳೂ ಆ ಪಟ್ಟಿಯಲ್ಲಿ ಸೇರಿವೆ. ಕಂಪನಿಯ ಮುಖ್ಯ ಸಂಗ್ರಹ ೧೮೩೨ರಲ್ಲಿ ಲಂಡನ್ನಿನ ಲಿನಿಯನ್ ಸೊಸೈಟಿಗೆ ಸೇರಿತು. ೧೯೧೩ರಿಂದ ಕ್ಯೂ ಉದ್ಯಾನದಲ್ಲಿದೆ.

ಒಯ್ದವನಿಗೂ ಒಂದು ದಿನ ಕಳೆದುಕೊಳ್ಳುವ ಪಾಳಿ ಬಂದಿತು. ಬುಕಾನನ್ ೧೮೧೫ರಲ್ಲಿ ಭಾರತ ಬಿಡುವಾಗ, ಅವನು ಮಾಡಿಸಿದ್ದ ಪ್ರಾಣಿಸಸ್ಯಗಳ ಚಿತ್ರಗಳನ್ನು ಗವರ್ನರ್ ಜನರಲ್ ಮೊಯಿರಾ ಕಂಪನಿಯ ಸ್ವತ್ತೆಂದು ತಡೆಹಿಡಿದ. ಸಂಗ್ರಹ ಯಾರದು ಎಂಬ ಪ್ರಶ್ನೆ ಆಗಲೇ ಎದ್ದಿತ್ತು. ಆದರೆ ಅದು ಎದ್ದದ್ದು ಸಂಗ್ರಹಕಾರನಿಗೂ ಒಡೆಯನಿಗೂ ನಡುವೆ ಮಾತ್ರ. ಗಿಡ ಬೆಳೆದ ನೆಲದವರು ಆ ವ್ಯಾಜ್ಯದಲ್ಲಿ ಕಕ್ಷಿದಾರರೇ ಆಗಿರಲಿಲ್ಲ.

ಕರಾವಳಿಯಲ್ಲಿ ಇನ್ನೊಂದು ಬಗೆಯ ಒಯ್ಯುವಿಕೆ ನಡೆಯಿತು. ಬಾಸೆಲ್ ಮಿಶನ್ನಿನ ಪಾದ್ರಿ ಮೆಟ್ಸ್ ಮಂಗಳೂರಿನ ಸುತ್ತ ಸಂಗ್ರಹಿಸಿದ ಗಿಡಗಳನ್ನು ಜರ್ಮನಿಯಲ್ಲಿ ಹೊಹೆನಾಕರ್ ಎಂಬಾತ ಕಟ್ಟುಗಳಾಗಿ ಮಾರುತ್ತಿದ್ದ. ಆ ಹಾಳೆಗಳ ಮೇಲೆ ಕೆನರಾ ಪ್ರಾಂತ, ಮಂಗಳೂರಿನ ಸಮೀಪ ಎಂಬ ಅರ್ಥದ ಅಚ್ಚಾದ ಲ್ಯಾಟಿನ್ ಚೀಟಿಗಳಿರುತ್ತಿದ್ದವು. ಅದೇ ಮಿಶನ್ ೧೮೪೩ರಲ್ಲಿ 'ಮಂಗಳೂರ ಸಮಾಚಾರ'ವನ್ನು ಹೊರಡಿಸಿತು. ೧೮೯೪ರಲ್ಲಿ ಕಿಟ್ಟೆಲರ ನಿಘಂಟನ್ನು ಅಚ್ಚುಹಾಕಿತು. ಆ ನಿಘಂಟಿನಲ್ಲಿ ಅಸಂಖ್ಯ ಕನ್ನಡ ಸಸ್ಯನಾಮಗಳು ಲ್ಯಾಟಿನ್ ಹೆಸರುಗಳ ಸಮೇತ ಉಳಿದಿವೆ. ಒಂದೇ ಸಂಸ್ಥೆಯ ಬಾಗಿಲಿನಿಂದ ಗಿಡ ಹೊರಗೆ ಹೋಯಿತು, ಗಿಡದ ಹೆಸರು ನಿಘಂಟಿನೊಳಗೆ ಬಂದಿತು. ಚರಿತ್ರೆಯನ್ನು ಒಂದೇ ಬಣ್ಣದಲ್ಲಿ ಬರೆಯಲಾಗದೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ.

ಒಯ್ದದ್ದನ್ನು ಉಳಿಸುವುದಕ್ಕೆ ಏನು ಮಾಡಿದರು ಎಂಬುದನ್ನೂ ಹೇಳಬೇಕು. ಒಣಗಿಡಕ್ಕೆ ಹುಳು ಶತ್ರು. ಆದ್ದರಿಂದ ಬಹುಕಾಲ ಹಾಳೆಗಳಿಗೆ ಮರ್ಕ್ಯೂರಿಕ್ ಕ್ಲೋರೈಡ್ ಎಂಬ ಪಾದರಸದ ಘೋರ ವಿಷವನ್ನು ಬಳಿಯುತ್ತಿದ್ದರು. ಹಳೆಯ ಹಾಳೆಗಳನ್ನು ಮುಟ್ಟುವವರು ಇಂದಿಗೂ ಎಚ್ಚರ ವಹಿಸಬೇಕಾಗಿದೆ. ಮಂಗರಾಜನ ಗ್ರಂಥದಲ್ಲಿ ಗಿಡವು ವಿಷವನ್ನು ಇಳಿಸುತ್ತದೆ. ಭಂಡಾರದಲ್ಲಿ ವಿಷವು ಗಿಡವನ್ನು ಕಾಯುತ್ತದೆ.

೩. ಹೆಸರಿಡುವುದು

ಸಸ್ಯಗಳ ವೈಜ್ಞಾನಿಕ ನಾಮಕರಣಕ್ಕೆ ಒಂದು ಶಕೆಯಿದೆ. ಸ್ವೀಡನ್ನಿನ ಲಿನ್ನೇಯಸ್ ೧೭೫೩ರಲ್ಲಿ ಪ್ರಕಟಿಸಿದ 'ಸ್ಪೀಶೀಸ್ ಪ್ಲಾಂಟಾರಂ' ಅದರ ಆದಿ. ನಿಯಮಾವಳಿಯ ಪ್ರಕಾರ ೧೭೫೩ರ ಮೇ ೧ಕ್ಕೆ ಹಿಂದಿನ ಹೆಸರುಗಳಿಗೆ ಹಕ್ಕಿಲ್ಲ. ೧೭೫೧ರ ತನ್ನ ಗ್ರಂಥದಲ್ಲಿ ಅವನು ಗ್ರೀಕ್, ಲ್ಯಾಟಿನ್ ಮೂಲವಿಲ್ಲದ ಕುಲನಾಮಗಳನ್ನು ಅನಾಗರಿಕವೆಂದು ತಳ್ಳಿಹಾಕಲು ಸೂತ್ರ ಮಾಡಿದ್ದ. ಕೇಸರಗಳನ್ನು ಎಣಿಸಿ ಸಸ್ಯಲೋಕವನ್ನು ೨೪ ವರ್ಗಗಳಾಗಿ ವಿಂಗಡಿಸಿದವನೂ ಅವನೇ. ಜೈನರು ಎಣಿಸಿದ್ದು ಇಂದ್ರಿಯಗಳನ್ನು, ಲಿನ್ನೇಯಸ್ ಎಣಿಸಿದ್ದು ಕೇಸರಗಳನ್ನು. ಎರಡೂ ಎಣಿಕೆಯೇ. ಮೊದಲನೆಯದರಲ್ಲಿ ಎಣಿಸುವವನೂ ಲೆಕ್ಕಕ್ಕೆ ಸೇರುತ್ತಾನೆ. ಎರಡನೆಯದರಲ್ಲಿ ಅವನು ಹೊರಗೆ ನಿಲ್ಲುತ್ತಾನೆ.

ಆದರೆ ಅದೇ ಲಿನ್ನೇಯಸ್ ಭಾರತದ ಗಿಡಗಳಿಗಾಗಿ ಆಶ್ರಯಿಸಿದ ಮುಖ್ಯ ಆಕರಗಳಲ್ಲಿ ಒಂದು, ೧೬೭೮ರಿಂದ ೧೬೯೩ರವರೆಗೆ ಆಮ್‌ಸ್ಟರ್‌ಡಾಮಿನಲ್ಲಿ ಹನ್ನೆರಡು ಸಂಪುಟಗಳಾಗಿ ಅಚ್ಚಾದ 'ಹೋರ್ಟಸ್ ಮಲಬಾರಿಕಸ್'. ಡಚ್ಚರ ಮಲಬಾರಿನ ಅಧಿಕಾರಿ ವಾನ್ ರೀಡೆ ಮಾಡಿಸಿದ ಈ ಗ್ರಂಥದ ಮೊದಲ ಸಂಪುಟದಲ್ಲಿ ಇಟ್ಟಿ ಅಚ್ಯುತನ್ ಎಂಬ ಈಳವ ವೈದ್ಯನೂ, ರಂಗ ಭಟ್ಟ, ವಿನಾಯಕ ಪಂಡಿತ, ಅಪ್ಪು ಭಟ್ಟ ಎಂಬ ಕೊಂಕಣಿ ಬ್ರಾಹ್ಮಣರೂ ೧೬೭೫ರಲ್ಲಿ ತಮ್ಮ ತಮ್ಮ ಭಾಷೆಯಲ್ಲಿ, ತಮ್ಮ ತಮ್ಮ ಲಿಪಿಯಲ್ಲಿ ಬರೆದುಕೊಟ್ಟ ಹೇಳಿಕೆಗಳು ಅಚ್ಚಾಗಿವೆ. ಗಿಡಗಳ ಹೆಸರುಗಳೂ ಸ್ಥಳೀಯ ಲಿಪಿಗಳಲ್ಲಿವೆ. ವಸಾಹತಿನ ಆರಂಭದ ಗ್ರಂಥವೊಂದು ಹೇಳಿಕೊಟ್ಟವರ ಸಹಿಯನ್ನು ಉಳಿಸಿಕೊಂಡಿತು. ಎಪ್ಪತ್ತೈದು ವರ್ಷಗಳ ಮೇಲಿನ ಶಾಸ್ತ್ರ ಆ ಸಹಿಯನ್ನು ಬಿಟ್ಟು ಚಿತ್ರಗಳನ್ನು ತೆಗೆದುಕೊಂಡಿತು. ಸಹಿ ಬಿಡುವುದು ಅನಿವಾರ್ಯವಾಗಿರಲಿಲ್ಲ ಎಂಬುದು ಇದರಿಂದ ಸಿದ್ಧವಾಗುತ್ತದೆ. ಕೆ. ಎಸ್. ಮಣಿಲಾಲ್ ಅವರು ದಶಕಗಳ ಕಾಲ ದುಡಿದು ಇದನ್ನು ಇಂಗ್ಲಿಷಿಗೆ ತಂದು ೨೦೦೩ರಲ್ಲಿ ಪ್ರಕಟಿಸಿದ ಮೇಲೆ ಆ ಸಹಿಗಳು ಮತ್ತೆ ಓದುಗರ ಕಣ್ಣಿಗೆ ಬಿದ್ದಿವೆ.

ಬಾಗಿಲಲ್ಲಿ ತಡೆದರೂ ನಮ್ಮ ಪದಗಳು ಕಿಟಕಿಯಿಂದ ಒಳಹೊಕ್ಕಿವೆ. ಅಡಿಕೆಯ ವೈಜ್ಞಾನಿಕ ಹೆಸರು 'ಅರೆಕಾ ಕಟೆಚು'. ಇದರ ಮೊದಲ ಪದ ಪೋರ್ಚುಗೀಸರ ಬಾಯಿಂದ ಹಾದುಬಂದ ಮಲಯಾಳದ 'ಅಡಯ್ಕ', ಅಂದರೆ ನಮ್ಮ ಅಡಿಕೆಯ ಒಡಹುಟ್ಟು; ಎರಡನೆಯದು ನಮ್ಮ ಕಾಚಿನ ಬಳಗದ ಪದ. ತಾಂಬೂಲದ ತಟ್ಟೆಯೇ ಲ್ಯಾಟಿನ್ ವೇಷದಲ್ಲಿ ಕುಳಿತಿದೆ.

ಕೈಗಳ ಕಥೆ ಬೇರೆ. ಮ್ಯಾಡ್ರಾಸ್ ಪ್ರೆಸಿಡೆನ್ಸಿಯ ಸಸ್ಯಶಾಸ್ತ್ರಜ್ಞ ರಾಬರ್ಟ್ ವೈಟ್ ೧೮೩೮ರಿಂದ ೧೮೫೩ರವರೆಗೆ ಪ್ರಕಟಿಸಿದ ಸಾವಿರಾರು ಚಿತ್ರಗಳ ಹಿಂದೆ ರಂಗಯ್ಯ, ಗೋವಿಂದು ಎಂಬ ಇಬ್ಬರು ಚಿತ್ರಕಾರರಿದ್ದರು. ವೈಟ್ ಒಂದು ಸೀತೆದಂಡೆಯ ಜಾತಿಯ ಕುಲಕ್ಕೆ ಗೋವಿಂದುವಿನ ಹೆಸರಿಟ್ಟು 'ಗೋವಿಂದೂಯಿಯಾ' ಎಂದು ಕರೆದ. ಆದರೆ ಆ ಗಿಡ ಮೊದಲೇ ಹೆಸರಾಗಿದ್ದ 'ಟ್ರೊಪಿಡಿಯಾ' ಕುಲಕ್ಕೆ ಸೇರಿದ್ದೆಂದು ಮುಂದೆ ತೀರ್ಮಾನವಾಯಿತು. ಗೋವಿಂದುವಿನ ಹೆಸರು ಪರ್ಯಾಯನಾಮಗಳ ಸಾಲಿಗೆ ಇಳಿಯಿತು. ನಿಯಮದ ದೃಷ್ಟಿಯಿಂದ ಇದರಲ್ಲಿ ಅನ್ಯಾಯವೇನೂ ಇಲ್ಲ. ಗ್ರಂಥಸಂಪಾದನೆಯಲ್ಲಿ ನಾವೂ ಪಾಠವೊಂದನ್ನು ಮೇಲಿಟ್ಟು ಉಳಿದವನ್ನು ಅಡಿಟಿಪ್ಪಣಿಗೆ ಇಳಿಸುತ್ತೇವೆ. ಆದರೂ ಅಡಿಟಿಪ್ಪಣಿಯಲ್ಲಿ ಯಾರ ಹೆಸರು ಉಳಿಯಿತು ಎಂದು ನೋಡುವುದು ಚರಿತ್ರಕಾರನ ಕೆಲಸ. ಗೋವಿಂದುವಿಗೆ ಅಡಿಟಿಪ್ಪಣಿಯಾದರೂ ದಕ್ಕಿತು. ೧೮೪೦ರ ದಶಕದಲ್ಲಿ ಶಿವಮೊಗ್ಗೆಯಲ್ಲಿ ವೈದ್ಯನಾಗಿದ್ದ ಹ್ಯೂ ಕ್ಲೆಗಾರ್ನ್ ದಿನಕ್ಕೊಂದು ಗಿಡದಂತೆ ಚಿತ್ರ ಬರೆಸುತ್ತಿದ್ದ. ಮಲೆನಾಡಿನ ಆ ಗಿಡಗಳ ಚಿತ್ರಗಳು ಎಡಿನ್‌ಬರೋದ ಸಸ್ಯೋದ್ಯಾನದಲ್ಲಿವೆ. ಬರೆದವನು ಒಬ್ಬ ಮರಾಠ ಚಿತ್ರಕಾರನೆಂಬುದು ತಿಳಿದಿದೆ. ಅವನ ಹೆಸರು ದಾಖಲಾಗಿಲ್ಲ.

ಲ್ಯಾಟಿನ್ ಹೆಸರು ಬೇಡವೆಂದು ನಮ್ಮ ವಾದವಲ್ಲ. ಹೊಳೆಮತ್ತಿ, ತೊರೆಮತ್ತಿ, ಬಿಳಿಮತ್ತಿ ಎಂದು ಸೀಮೆಸೀಮೆಗೆ ಹೆಸರು ಬದಲಾಗುವ ಮರವನ್ನು ಮುಂಬಯಿಯವನೂ ಬರ್ಲಿನ್ನಿನವನೂ ಒಂದೇ ಎಂದು ಅರಿಯಬೇಕಾದರೆ 'ಟರ್ಮಿನಾಲಿಯಾ ಅರ್ಜುನ' ಬೇಕೇಬೇಕು. ಆದರೆ ಹೊಳೆಮತ್ತಿ ಎಂಬ ಹೆಸರೇ ಒಂದು ಚೀಟಿ. ಆ ಮರ ಎಲ್ಲಿ ಬೆಳೆಯುತ್ತದೆಂದು ಅದು ಹೇಳುತ್ತದೆ. ಮುಟ್ಟಿದರೆ ಮುನಿ ಅಮೆರಿಕ ಖಂಡದಿಂದ ಬಂದ ಗಿಡ. ಲಿನ್ನೇಯಸ್ ಅದಕ್ಕೆ ನಾಚಿಕೆಯುಳ್ಳದ್ದೆಂಬ ಅರ್ಥದ 'ಪುಡಿಕಾ' ಎಂಬ ಪದವಿಟ್ಟ. ನಮ್ಮವರು ಮುನಿಸನ್ನು ಕಂಡರು, ಮುಟ್ಟುವವನನ್ನೂ ಹೆಸರಿನೊಳಗೆ ಸೇರಿಸಿದರು. ಹೆಸರಿಡುವುದೆಲ್ಲ ಹಿಂಸೆಯಲ್ಲ, ಒಂದು ಹೆಸರು ಬಂದಾಗ ಇನ್ನೊಂದನ್ನು ಅಳಿಸುವುದರಲ್ಲಿ ಹಿಂಸೆಯಿದೆ.

ಈ ಪ್ರಶ್ನೆ ಈಗ ಶಾಸ್ತ್ರದ ಒಳಗೂ ಎದ್ದಿದೆ. ೨೦೨೪ರ ಜುಲೈಯಲ್ಲಿ ಮ್ಯಾಡ್ರಿಡ್‌ನಲ್ಲಿ ನಡೆದ ಅಂತರರಾಷ್ಟ್ರೀಯ ಸಸ್ಯವಿಜ್ಞಾನ ಸಮ್ಮೇಳನದ ನಾಮಕರಣ ಸಭೆಯು, ಆಫ್ರಿಕದ ಜನರನ್ನು ಹೀನಾಯಿಸುವ ಬೈಗುಳಿನಿಂದ ಬಂದ 'ಕಾಫ್ರಾ' ಎಂಬ ವಿಶೇಷಣವನ್ನು 'ಆಫ್ರಾ' ಎಂದು ತಿದ್ದಲು ಮತದಾನದಿಂದ ನಿರ್ಣಯಿಸಿತು. ಇನ್ನೂರಕ್ಕೂ ಹೆಚ್ಚು ಹೆಸರುಗಳು ಇದರಿಂದ ಬದಲಾದವು. ಹೊರಗಿಟ್ಟಿದ್ದ ಅಳುಕು ಹಾಳೆಗೆ ಮರಳಲು ಆರಂಭಿಸಿದೆ.

೪. ಉಳಿಸುವುದು

ಹಾಗಾದರೆ ಈ ಭಂಡಾರಗಳನ್ನು ನಾವು ಹೇಗೆ ಕಾಣಬೇಕು? ಅಳುಕನ್ನೇ ತಿರಸ್ಕಾರವಾಗಿಸಿಕೊಂಡರೆ ನಷ್ಟ ನಮ್ಮದೇ. ೧೯೬೪ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದಾಗ ಶರಾವತಿ ಕಣಿವೆಯ ಕಾಡು ಮುಳುಗಿತು. ಅಂತಹ ಕಾಡುಗಳಲ್ಲಿ ಏನೇನಿತ್ತು ಎಂದು ಕೇಳಿದರೆ ಸಾಕ್ಷಿ ಹೇಳಲು ಹಳಬರ ನೆನಪು ಮತ್ತು ಹಳೆಯ ಹಾಳೆಗಳ ಹೊರತು ಬೇರೆ ಇಲ್ಲ. ಕರಾವಳಿಯ 'ಮಧುಕಾ ಇನ್ಸಿಗ್ನಿಸ್' ಎಂಬ ಇಪ್ಪೆಯ ಕುಲದ ಮರ ಅಳಿದುಹೋಯಿತೆಂದು ಅಂತರರಾಷ್ಟ್ರೀಯ ಪಟ್ಟಿಯಲ್ಲಿ ನಮೂದಾಗಿತ್ತು. ಈ ಶತಮಾನದ ಮೊದಲ ದಶಕದಲ್ಲಿ ಅದು ಕರ್ನಾಟಕದ ಕರಾವಳಿಯಲ್ಲಿ ಮತ್ತೆ ಕಾಣಿಸಿತು. ಹಳೆಯ ವರ್ಣನೆ ಮತ್ತು ಮಾದರಿಗಳ ಆಧಾರವಿಲ್ಲದಿದ್ದರೆ ಅದನ್ನು ಅದೇ ಮರವೆಂದು ಗುರುತಿಸಲು ಯಾರಿಗೂ ಸಾಧ್ಯವಾಗುತ್ತಿರಲಿಲ್ಲ. ಒಂದು ಮರ ಉಳಿದಿದೆಯೆಂದು ತಿಳಿಯುವುದಕ್ಕೂ ಒಮ್ಮೆ ಅದರ ಕೊಂಬೆಯನ್ನು ಕಡಿದಿರಬೇಕಾಯಿತು.

ಭಂಡಾರಗಳೂ ಅಳಿಯುತ್ತವೆ. ೧೯೪೩ರ ಮಾರ್ಚ್ ತಿಂಗಳ ಆರಂಭದಲ್ಲಿ ಬರ್ಲಿನ್ನಿನ ಹರ್ಬೇರಿಯಮ್ಮಿನ ಬಹುಭಾಗ ಬಾಂಬಿನ ಬೆಂಕಿಯಲ್ಲಿ ಸುಟ್ಟುಹೋಯಿತು. ಎಂಟು ಲಕ್ಷಕ್ಕೂ ಹೆಚ್ಚು ಮಾದರಿಗಳಿರುವ ತನ್ನ ಹರ್ಬೇರಿಯಂ ಅನ್ನು ಮುಚ್ಚುವುದಾಗಿ ಅಮೆರಿಕದ ಡ್ಯೂಕ್ ವಿಶ್ವವಿದ್ಯಾಲಯ ೨೦೨೪ರ ಫೆಬ್ರವರಿಯಲ್ಲಿ ಘೋಷಿಸಿದಾಗ ಜಗತ್ತಿನ ಸಸ್ಯವಿಜ್ಞಾನಿಗಳು ಕಳವಳಗೊಂಡರು. ಸಂಗ್ರಹಿಸುವುದರ ಹಿಂದಿನ ಅಳುಕಿಗಿಂತ ಸಂಗ್ರಹವನ್ನು ಕೈಬಿಡುವುದರ ಅಳುಕು ಸಣ್ಣದೇನಲ್ಲ.

ಕನ್ನಡಿಗರ ಪಾಲಿಗೆ ಇಲ್ಲಿ ಒಂದು ವಿಶೇಷ ಸಂಗತಿಯಿದೆ. ಏಕೀಕರಣಕ್ಕೆ ಮೊದಲು ನಾಡು ಹೇಗೆ ಹಂಚಿಹೋಗಿತ್ತೋ ನಾಡಿನ ಗಿಡಗಳ ದಾಖಲೆಯೂ ಹಾಗೆಯೇ ಹಂಚಿಹೋಯಿತು. ಉತ್ತರ ಕನ್ನಡ ೧೮೬೨ರಲ್ಲಿ ಬೊಂಬಾಯಿ ಪ್ರೆಸಿಡೆನ್ಸಿಗೆ ಸೇರಿದ್ದರಿಂದ ಅದರ ಸಸ್ಯಗಳು ಥಿಯೊಡೋರ್ ಕುಕ್ ಬರೆದ ಬೊಂಬಾಯಿ ಸಸ್ಯಸಂಪತ್ತಿನ ಗ್ರಂಥದಲ್ಲಿವೆ (೧೯೦೧–೧೯೦೮). ದಕ್ಷಿಣ ಕನ್ನಡ, ಬಳ್ಳಾರಿಗಳದ್ದು ಗ್ಯಾಂಬಲ್ ಆರಂಭಿಸಿದ ಮದರಾಸಿನ ಗ್ರಂಥದಲ್ಲಿವೆ (೧೯೧೫–೧೯೩೫). ಹಾಳೆಗಳು ಪುಣೆ, ಮುಂಬಯಿ, ಕೊಯಮತ್ತೂರು, ಹೌರಾಗಳ ಕಪಾಟುಗಳಲ್ಲಿವೆ. ರಾಜ್ಯ ೧೯೫೬ರಲ್ಲಿ ಒಂದಾಯಿತು, ಹಾಳೆಗಳು ಒಂದಾಗಲಿಲ್ಲ. ಸೆಸಿಲ್ ಸಲ್ಡಾನ್ಹಾ ಮತ್ತು ನಿಕೋಲ್‌ಸನ್ ಅವರ ಹಾಸನ ಜಿಲ್ಲೆಯ ಸಸ್ಯಗ್ರಂಥ (೧೯೭೬) ಹಾಗೂ ಅನಂತರ ಸಲ್ಡಾನ್ಹಾ ಹೊರತಂದ ಕರ್ನಾಟಕ ಸಸ್ಯಗ್ರಂಥದ ಸಂಪುಟಗಳು ಆ ಕೊರತೆಯನ್ನು ತುಂಬಲು ನಡೆದ ಗಂಭೀರ ಪ್ರಯತ್ನಗಳು.

ಇನ್ನೊಂದು ಬಗೆಯ ಪ್ರಯತ್ನ ನಡೆದದ್ದು ಹೊರನಾಡಿನಲ್ಲಿ. ಮದರಾಸಿನ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಸಸ್ಯವಿಜ್ಞಾನದ ಪ್ರಾಧ್ಯಾಪಕರಾಗಿದ್ದ ಬಿ. ಜಿ. ಎಲ್. ಸ್ವಾಮಿಯವರು (೧೯೧೮–೧೯೮೦) ಮಾದರಿ ಸಂಗ್ರಹಕ್ಕೆಂದು ವಿದ್ಯಾರ್ಥಿಗಳೊಡನೆ ಕಾಡು ಸುತ್ತಿದ ಅನುಭವವನ್ನು 'ಹಸುರು ಹೊನ್ನು' ಆಗಿ ಬರೆದರು. ೧೯೭೮ರಲ್ಲಿ ಅದಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂದಿತು. ಒಣಹಾಳೆ ಬಿಟ್ಟುಬಿಡುವ ದಾರಿ, ದಣಿವು, ನಗೆ, ಜತೆಗಾರರು, ಹೆಸರಿನ ಹಿಂದಿನ ಕಥೆ ಎಲ್ಲವೂ ಆ ಗ್ರಂಥದಲ್ಲಿವೆ. ಅದನ್ನು ನಾವು ಕೇವಲ ಲಲಿತ ಪ್ರಬಂಧವೆಂದು ಪಾಠ ಮಾಡುತ್ತ ಬಂದಿದ್ದೇವೆ. ಹಾಳೆಯ ಹಿಂಬದಿಯನ್ನು ಕನ್ನಡದಲ್ಲಿ ಬರೆದ ಗ್ರಂಥವೆಂದು ಅದನ್ನು ಓದುವುದು ಇನ್ನೂ ಬಾಕಿಯಿದೆ.

ಹೊರನಾಡಿನ ಕನ್ನಡ ಪೀಠಗಳು ಮಾಡಬಹುದಾದ ಒಂದು ಕೆಲಸವನ್ನು ಸೂಚಿಸಿ ಮುಗಿಸುತ್ತೇವೆ. ಹಳೆಯ ಚೀಟಿಗಳಲ್ಲಿ ಅಲ್ಲಲ್ಲಿ ರೋಮನ್ ಲಿಪಿಯಲ್ಲಿ ತಪ್ಪುತಪ್ಪಾಗಿ ಬರೆದ ಸ್ಥಳೀಯ ಹೆಸರುಗಳಿರುತ್ತವೆ. ಅವುಗಳಲ್ಲಿ ಕನ್ನಡ ಯಾವುದು, ತುಳು ಯಾವುದು, ಕೊಂಕಣಿ ಯಾವುದು, ಯಾವ ಸೀಮೆಯ ಉಚ್ಚಾರ ಎಂದು ನಿರ್ಣಯಿಸುವುದು ಸಸ್ಯವಿಜ್ಞಾನಿಗೆ ಕಷ್ಟ. ಹಸ್ತಪ್ರತಿ ಓದಿ ಪಳಗಿದವರಿಗೆ ಅದು ದಿನನಿತ್ಯದ ಕೆಲಸ. ೨೦೦೨ರ ಜೀವವೈವಿಧ್ಯ ಅಧಿನಿಯಮದಡಿ ಹಳ್ಳಿಹಳ್ಳಿಗಳಲ್ಲಿ ಸಿದ್ಧವಾಗಬೇಕಾದ ಜನತಾ ಜೀವವೈವಿಧ್ಯ ದಾಖಲಾತಿಗಳಿಗೂ ಇಂತಹ ಪದಕೋಶ ಉಪಯುಕ್ತ. ಆದರೆ ಆ ಹೆಸರುಗಳನ್ನು ಬಾಯಲ್ಲಿ ಉಳಿಸಿಕೊಂಡವರು ವಯೋವೃದ್ಧರು; ಕೆಲಸಕ್ಕೆ ಕಾಲ ಹೆಚ್ಚು ಉಳಿದಿಲ್ಲ.

ಇದರಲ್ಲಿ ನಮ್ಮ ಸ್ವಂತ ಅಳುಕೂ ಸೇರಿದೆ. ಮಠಮನೆಗಳ ಅಟ್ಟದಿಂದ ಓಲೆಗರಿಗಳನ್ನು ತಂದು, ಸಂಖ್ಯೆ ಹಾಕಿ, ಕಪಾಟಿಗೆ ಸೇರಿಸಿದವರು ನಾವೇ. ಕೊಟ್ಟವರ ಹೆಸರನ್ನು ಎಷ್ಟು ಸೂಚಿಗಳಲ್ಲಿ ಬರೆದಿದ್ದೇವೆ? ಬುಕಾನನ್ನನನ್ನು ಪ್ರಶ್ನಿಸುವ ಮೊದಲು ಈ ಪ್ರಶ್ನೆಗೆ ನಾವು ಉತ್ತರ ಹೇಳಬೇಕಾಗುತ್ತದೆ.

ಅಂದು ಆ ಭಂಡಾರದಲ್ಲಿ ನಾವು ಹುಡುಕಿಹೋದ ಹೆಸರು ಖಚಿತವಾಗಲಿಲ್ಲ. ಆದರೆ ಅಲ್ಲಿನ ಪಾಲಕರು ಒಂದು ಪದ್ಧತಿಯನ್ನು ವಿವರಿಸಿದರು. ಹಳೆಯ ಚೀಟಿಯಲ್ಲಿ ತಪ್ಪಿದ್ದರೂ ಅದನ್ನು ಕೀಳುವಂತಿಲ್ಲ, ಅದರ ಮೇಲೆ ತಿದ್ದುವಂತಿಲ್ಲ. ಬೇರೆ ಅಭಿಪ್ರಾಯವಿದ್ದವನು ತನ್ನ ಹೆಸರು, ದಿನಾಂಕ ಸಹಿತ ಹೊಸ ಚೀಟಿಯೊಂದನ್ನು ಪಕ್ಕದಲ್ಲಿ ಹಚ್ಚಬಹುದು. ತಪ್ಪಿದ್ದರೆ ತಿದ್ದಿಕೊಳ್ಳಿರೆಂದು ಗ್ರಂಥದ ಕೊನೆಯಲ್ಲಿ ಬೇಡಿಕೊಳ್ಳುತ್ತಿದ್ದ ನಮ್ಮ ಲಿಪಿಕಾರರ ನೆನಪು ನಮಗಾಯಿತು. ಆ ಹಾಳೆಯಲ್ಲಿ ಇನ್ನೂ ಎರಡು ಚೀಟಿ ಹಿಡಿಯುವಷ್ಟು ಜಾಗವಿತ್ತು.